ಫರ್ಡಿನಾಂಡ್: ಒಂದು ಗಾಥಿಕ್ ಹೆಸರಿನ ಸಂಚಾರ

1894ರಲ್ಲಿ ಮಂಗಳೂರಿನ ಬಾಸೆಲ್ ಮಿಶನ್ನಿನಿಂದ ಹೊರಬಂದ ಕನ್ನಡ-ಇಂಗ್ಲಿಷ್ ನಿಘಂಟಿನ ಮುಖಪುಟದಲ್ಲಿ ಕರ್ತೃವಿನ ಹೆಸರು 'ರೆವರೆಂಡ್ ಎಫ್. ಕಿಟ್ಟೆಲ್' ಎಂದಷ್ಟೇ ಇದೆ. ಕನ್ನಡದ ಓದುಗರಿಗೆ ಆ ಒಂದಕ್ಷರವೇ ಸಾಕಾಗಿದೆ. ಕಿಟ್ಟೆಲ್ ಎಂಬ ಮನೆತನದ ಹೆಸರು ನಿಘಂಟಿಗೆ ಪರ್ಯಾಯಪದವಾಗಿ ಬಳಕೆಯಾಗುವಷ್ಟು ಬೇರೂರಿರುವಾಗ ಅದರ ಹಿಂದಿನ 'ಎಫ್' ಏನೆಂದು ಕೇಳುವ ಅಗತ್ಯ ಯಾರಿಗೂ ಬೀಳಲಿಲ್ಲ. ಒಮ್ಮೆ ನಮ್ಮ ಸಂಶೋಧನಾ ವಿದ್ಯಾರ್ಥಿಗಳ ಗೋಷ್ಠಿಯಲ್ಲಿ ಈ ಪ್ರಶ್ನೆ ಬಂದಾಗ ಫ್ರೆಡ್ರಿಕ್, ಫ್ರಾಂಜ್ ಎಂಬ ಉತ್ತರಗಳೇ ಮೊದಲು ಬಂದವು. ಪೂರ್ಣ ಹೆಸರು ಗಿಯಾರ್ಗ್ ಫರ್ಡಿನಾಂಡ್ ಕಿಟ್ಟೆಲ್. ಉತ್ತರ ತಿಳಿದ ಮೇಲೂ ಅದೇ ಗೋಷ್ಠಿಯಲ್ಲಿ ಇನ್ನೊಂದು ಮಾತು ಬಂತು: ಅಪ್ಪಟ ಜರ್ಮನ್ ಹೆಸರು. ಈ ಲೇಖನ ಆ ಮಾತನ್ನು ಪರೀಕ್ಷಿಸಲು ಹೊರಟಿದೆ. ಫರ್ಡಿನಾಂಡ್ ಎಂಬುದು ಜರ್ಮ್ಯಾನಿಕ್ ಮೂಲದ ಹೆಸರು ನಿಜ. ಆದರೆ ಅದು ಜರ್ಮನ್ ಹೆಸರಾದದ್ದು ತಡವಾಗಿ, ಸ್ಪೇನಿನ ಮಾರ್ಗವಾಗಿ. ಈ ಎರಡು ಮಾತುಗಳ ನಡುವಣ ಅಂತರದಲ್ಲಿ ಸುಮಾರು ಸಾವಿರ ವರ್ಷಗಳ ಚರಿತ್ರೆಯೂ ಸ್ವನವಿಜ್ಞಾನದ ಕೆಲವು ಒಳ್ಳೆಯ ಪಾಠಗಳೂ ಅಡಗಿವೆ.

ಮೊದಲು ನಿಷ್ಪತ್ತಿಯ ವಿಚಾರ. ಹಳೆಯ ಜರ್ಮ್ಯಾನಿಕ್ ಹೆಸರುಗಳಲ್ಲಿ ಹೆಚ್ಚಿನವು ಎರಡು ಘಟಕಗಳ ಸಮಾಸಗಳು. ನಮ್ಮ ಹೆಸರಿನ ಎರಡನೆಯ ಘಟಕದ ಬಗ್ಗೆ ವಿವಾದವಿಲ್ಲ. ಅದು 'ನನ್ಥ್' ಎಂಬ ಮೂಲ. ಅರ್ಥ ಎದೆಗಾರಿಕೆ, ಸಾಹಸ. ನಾಲ್ಕನೆಯ ಶತಮಾನದಲ್ಲಿ ವುಲ್ಫಿಲ ಗಾಥಿಕ್ ಭಾಷೆಗೆ ಮಾಡಿದ ಬೈಬಲ್ ಅನುವಾದದಲ್ಲಿ, ಮಾರ್ಕನ ಸುವಾರ್ತೆಯ ಕೊನೆಯ ಭಾಗದಲ್ಲಿ, ಅರಿಮಥಾಯದ ಜೋಸೆಫನು ಧೈರ್ಯ ತಂದುಕೊಂಡು ಪಿಲಾತನ ಬಳಿಗೆ ಹೋದನೆನ್ನುವಲ್ಲಿ ಈ ಧಾತುವಿನ ಕ್ರಿಯಾರೂಪ ಬಂದಿದೆ. ಹಳೆಯ ಇಂಗ್ಲಿಷಿನಲ್ಲಿ ಇದೇ ಘಟಕ 'ನೋಥ್' ಎಂದಾಗುತ್ತದೆ. 991ರಲ್ಲಿ ಮಾಲ್ಡನ್ ಕಾಳಗದಲ್ಲಿ ಮಡಿದ ಬಿರ್ಹ್ಟ್‌ನೋಥನ ಹೆಸರಿನ ಉತ್ತರಾರ್ಧ ಅದೇ. ಘರ್ಷಧ್ವನಿಯ ಹಿಂದಿನ ಅನುನಾಸಿಕ ಲೋಪಿಸಿ ಸ್ವರ ದೀರ್ಘವಾಗುವುದು ಇಂಗ್ಲಿಷ್ ಮತ್ತು ಫ್ರೀಸಿಯನ್ ಭಾಷೆಗಳ ಲಕ್ಷಣ. ಈ ಲಕ್ಷಣವನ್ನು ಓದುಗರು ನೆನಪಿನಲ್ಲಿಟ್ಟುಕೊಳ್ಳಬೇಕು. ಲೇಖನದ ಕೊನೆಯಲ್ಲಿ ಅದರಿಂದ ನಮಗೆ ಕೆಲಸವಿದೆ.

ಮೊದಲ ಘಟಕದ ಬಗ್ಗೆ ಎರಡು ಪಕ್ಷಗಳಿವೆ. ಒಂದು ಪಕ್ಷ ಅದನ್ನು 'ಫರ್ದಿ', ಅಂದರೆ ಪ್ರಯಾಣ, ಎಂಬ ಪದದೊಡನೆ ಕೂಡಿಸುತ್ತದೆ. ಇಂದಿನ ಜರ್ಮನ್ನಿನ 'ಫಾರ್ಟ್' ಇದರ ಮುಂದುವರಿಕೆ. ಇನ್ನೊಂದು ಪಕ್ಷ 'ಫ್ರಿಥು', ಅಂದರೆ ಶಾಂತಿ, ಎಂಬ ಪದವನ್ನು ಮೂಲವೆಂದು ಹಿಡಿಯುತ್ತದೆ. ಇಂಡೋ-ಯುರೋಪಿಯನ್ನಿನ ಪಕಾರ ಜರ್ಮ್ಯಾನಿಕ್‌ನಲ್ಲಿ ಫಕಾರವಾಗುವುದು ಗ್ರಿಮ್ ನಿಯಮದ ಮೊದಲ ಪಾಠ. ಹಾಗೆ ಹಿಂದಕ್ಕೆ ಸರಿದು ನೋಡಿದರೆ ಪ್ರಯಾಣದ ಪದ ಸಂಸ್ಕೃತದ 'ಪಾರ'ದ ಧಾತುವಿಗೂ ಶಾಂತಿಯ ಪದ 'ಪ್ರಿಯ'ದ ಧಾತುವಿಗೂ ಸೇರುತ್ತವೆ. ಆಚೆ ದಡವೋ ಅಕ್ಕರೆಯೋ ಎಂಬುದು ಪ್ರಶ್ನೆ. ಎರಡೂ ಕನ್ನಡದಲ್ಲಿ ದಿನಬಳಕೆಯ ತತ್ಸಮಗಳಾಗಿರುವುದರಿಂದ ಈ ವಿವಾದ ನಮಗೆ ತೀರಾ ಪರಕೀಯವೆನಿಸುವುದಿಲ್ಲ.

ಹೆಸರುಗಳ ಅರ್ಥ ಹೇಳುವ ಜನಪ್ರಿಯ ಕೈಪಿಡಿಗಳು 'ಸಾಹಸಿ ಪ್ರವಾಸಿ' ಎಂಬ ಮೊದಲ ಅರ್ಥವನ್ನೇ ಹೆಚ್ಚು ಮೆಚ್ಚುತ್ತವೆ. ಮೆಗಲನ್‌ನಂಥ ನಾವಿಕನಿಗೆ ಅದು ಎಷ್ಟು ಒಪ್ಪುತ್ತದೆ ನೋಡಿ! ಆದರೆ ಒಪ್ಪುವುದೇ ಪ್ರಮಾಣವಲ್ಲ. 'ಫರ್ದಿ'ಯ ಅಕಾರ ಎಕಾರವಾಗಬೇಕಾದರೆ ಮುಂದಿನ ಇಕಾರದ ಪ್ರಭಾವದಿಂದ ಸ್ವರ ಬದಲಾಗಬೇಕು. ಇಂಥ ಸ್ವರಪರಿವರ್ತನೆ ಪಶ್ಚಿಮ ಮತ್ತು ಉತ್ತರ ಜರ್ಮ್ಯಾನಿಕ್ ಭಾಷೆಗಳಲ್ಲಿ ಉಂಟು, ಗಾಥಿಕ್‌ನಲ್ಲಿ ಇಲ್ಲ. ಹೆಸರು ನಮಗೆ ದೊರೆಯುವುದಾದರೋ ವಿಸಿಗಾಥರು ಆಳಿದ ಐಬೀರಿಯಾದಲ್ಲಿ. ಅಲ್ಲಿನ ಹತ್ತನೆಯ ಶತಮಾನದ ಆಸುಪಾಸಿನ ಲ್ಯಾಟಿನ್ ದಾಖಲೆಗಳಲ್ಲಿ 'ಫ್ರೆದೆನಾಂದುಸ್' ಎಂಬ ರೂಪ ಕಾಣುತ್ತದೆ. 'ಫ್ರಿಥು'ವಿನ ಹ್ರಸ್ವ ಇಕಾರ ರೊಮಾನ್ಸ್ ಬಾಯಲ್ಲಿ ಎಕಾರವಾಗುವುದು ಸಹಜ. ಲ್ಯಾಟಿನ್ನಿನ 'ಫಿದೆಮ್' ಸ್ಪ್ಯಾನಿಷಿನಲ್ಲಿ 'ಫೆ' ಆಗಲಿಲ್ಲವೆ? ಆಮೇಲೆ ರೇಫ ಸ್ಥಾನ ಬದಲಿಸಿ 'ಫೆರ್ದೆನಾಂದುಸ್', ನಡುವಣ ಅಕ್ಷರ ಸವೆದು 'ಫೆರ್ನಾಂದುಸ್'. ಸ್ವನನಿಯಮಕ್ಕೂ ದಾಖಲೆಗೂ ಹೊಂದುವುದು ಶಾಂತಿಯ ಪಕ್ಷ. ನಾವು ಆ ಕಡೆಗೇ ವಾಲುತ್ತೇವೆ.

ಹಾಗೆಂದು ಹೆಸರಿಗೆ 'ಶಾಂತಿಗಾಗಿ ಎದೆಗಾರನಾದವನು' ಎಂಬ ವಿಗ್ರಹವಾಕ್ಯ ಹೇಳಿ ಸಂತೋಷಪಡುವಂತಿಲ್ಲ. ಜರ್ಮ್ಯಾನಿಕ್ ಹೆಸರುಗಳ ಘಟಕಗಳು ಮನೆತನದೊಳಗೆ ಒಬ್ಬರಿಂದೊಬ್ಬರಿಗೆ ಹಂಚಿಹೋಗುತ್ತಿದ್ದವು. ತಂದೆಯ ಹೆಸರಿನ ಒಂದು ತುಣುಕು, ತಾಯಿಯ ಕಡೆಯ ಒಂದು ತುಣುಕು ಸೇರಿದರೆ ಮಗುವಿನ ಹೆಸರು. 597ರಲ್ಲಿ ತೀರಿಕೊಂಡ ಫ್ರಾಂಕ್ ರಾಣಿ ಫ್ರೆಡೆಗುಂಡಳ ಹೆಸರನ್ನು ಬಿಡಿಸಿದರೆ 'ಶಾಂತಿ-ಯುದ್ಧ' ಎಂದಾಗುತ್ತದೆ; ಅದಕ್ಕೆ ಸಮಾಸಾರ್ಥ ಹುಡುಕುವುದು ವ್ಯರ್ಥ. ಕೇಶಿರಾಜನ ಪರಂಪರೆಯ ಪರಿಭಾಷೆಯಲ್ಲಿ ಹೇಳುವುದಾದರೆ ಇವು ಅನ್ವರ್ಥನಾಮಗಳ ವೇಷ ತೊಟ್ಟ ಅಂಕಿತನಾಮಗಳು.

ವಿಸಿಗಾಥರ ರಾಜ್ಯ 711ರಲ್ಲಿ ಅರಬರ ಕೈಗೆ ಬಿದ್ದಿತು. ಅವರ ಭಾಷೆ ಅದಕ್ಕೆ ಮುಂಚೆಯೇ ರೊಮಾನ್ಸಿನಲ್ಲಿ ಕರಗಿಹೋಗಿತ್ತು. ಉಳಿದದ್ದು ಕೆಲವು ಪದಗಳು ಮತ್ತು ಹೆಸರುಗಳ ದೊಡ್ಡ ಗಂಟು: ಅಲ್ಫೊನ್ಸೊ, ರೊದ್ರಿಗೊ, ಗೊನ್ಸಾಲೊ, ಅಲ್ವಾರೊ, ಎಲ್ವಿರಾ, ಫೆರ್ನಾಂದೊ. ಭಾಷೆ ಸತ್ತ ಮೇಲೆ ಹೆಸರು ಬದುಕುವ ಈ ವಿದ್ಯಮಾನವನ್ನು ಅಧ್ಯಯನದ ಸಾಧನವಾಗಿಸಿಕೊಂಡವರಲ್ಲಿ ಒಬ್ಬ ಜರ್ಮನ್ ಉಪಭಾಷಾವಿಜ್ಞಾನಿಯ ಹೆಸರೂ ಫರ್ಡಿನಾಂಡ್ ಎಂಬುದು ಚೋದ್ಯ. ಫರ್ಡಿನಾಂಡ್ ವ್ರೇಡೆ 1886ರಲ್ಲಿ ವ್ಯಾಂಡಲರ ಭಾಷೆಯ ಮೇಲೂ 1891ರಲ್ಲಿ ಇಟಲಿಯ ಆಸ್ಟ್ರೊಗಾಥರ ಭಾಷೆಯ ಮೇಲೂ ಬರೆದ ಗ್ರಂಥಗಳಿಗೆ ಆಧಾರ ಬಹುಮಟ್ಟಿಗೆ ವ್ಯಕ್ತಿನಾಮಗಳೇ. ಬೇರೇನೂ ಉಳಿಯದ ಕಡೆ ಹೆಸರೇ ಶಾಸನ.

ಐಬೀರಿಯಾದಲ್ಲಿ ಈ ಹೆಸರನ್ನು ಎತ್ತಿಹಿಡಿದವರು ಕ್ಯಾಸ್ಟಿಲಿನ ಅರಸರು. 970ರಲ್ಲಿ ತೀರಿಕೊಂಡ ಕೌಂಟ್ ಫೆರ್ನಾನ್ ಗೊನ್ಸಾಲೆಸ್‌ನ ಮೇಲೆ ಹದಿಮೂರನೆಯ ಶತಮಾನದಲ್ಲಿ ಒಂದು ವೀರಕಾವ್ಯವೇ ಹುಟ್ಟಿತು. 1236ರಲ್ಲಿ ಕಾರ್ಡೊಬಾವನ್ನೂ 1248ರಲ್ಲಿ ಸೆವಿಲ್ಲೆಯನ್ನೂ ಗೆದ್ದ ಮೂರನೆಯ ಫೆರ್ನಾಂದೊ 1671ರಲ್ಲಿ ಸಂತ ಪದವಿಗೇರಿದ. ಸೆವಿಲ್ಲೆಯ ಮಹಾದೇವಾಲಯದಲ್ಲಿರುವ ಅವನ ಸಮಾಧಿಯ ಲೇಖ ಲ್ಯಾಟಿನ್, ಕ್ಯಾಸ್ಟಿಲಿಯನ್, ಅರಬ್ಬಿ, ಹೀಬ್ರೂ ಎಂಬ ನಾಲ್ಕು ಭಾಷೆಗಳಲ್ಲಿದೆ. ಒಂದು ಗಾಥಿಕ್ ಹೆಸರು ಮೂರು ಲಿಪಿಗಳಲ್ಲಿ, ನಾಲ್ಕು ಭಾಷೆಗಳಲ್ಲಿ, ಗಾಥಿಕ್ ಒಂದನ್ನು ಬಿಟ್ಟು! ಬಹುಭಾಷಿಕ ಶಾಸನಗಳ ನಾಡಿನವರಾದ ನಮಗೆ ಆ ಕಲ್ಲು ಪರಿಚಿತವೆನಿಸೀತು.

ಇಲ್ಲಿ ಕೊಂಚ ನಿಲ್ಲಬೇಕು; ಏಕೆಂದರೆ ಕನ್ನಡದ ಭಾಷಾಚರಿತ್ರೆ ಬಲ್ಲವರಿಗೆ ಈ ಹೆಸರಿನ ಅತ್ಯಂತ ರುಚಿಕರವಾದ ಘಟ್ಟ ಇದೇ. ಲ್ಯಾಟಿನ್ನಿನ ಪದಾದಿ ಫಕಾರ ಕ್ಯಾಸ್ಟಿಲಿಯನ್ನಿನಲ್ಲಿ ಹಕಾರವಾಗಿ, ಮುಂದೆ ಆ ಹಕಾರವೂ ಮೌನವಾಯಿತು. 'ಫಿಲಿಯುಮ್' ಎಂಬುದು 'ಹಿಹೊ' ಎಂದು ಬರೆಯಲ್ಪಟ್ಟು 'ಇಹೊ' ಎಂದು ಉಚ್ಚಾರವಾಯಿತು. 'ಫಾಕೆರೆ' ಎಂಬುದು ಬರಹದಲ್ಲಿ 'ಹಾಸೆರ್', ಮಾತಿನಲ್ಲಿ 'ಆಸೆರ್'. ಪಕ್ಕದ ಪೋರ್ಚುಗೀಸಿನಲ್ಲಿ ಫಕಾರ ಫಕಾರವಾಗಿಯೇ ನಿಂತಿತು. ಈ ನಿಯಮದ ಬಾಯಿಗೆ ಸಿಕ್ಕ ಫೆರ್ನಾಂದೊ 'ಹೆರ್ನಾಂದೊ' ಆದ, ಮೊಟಕಾಗಿ 'ಹೆರ್ನಾನ್' ಆದ, ಇಂದಿನ ಉಚ್ಚಾರದಲ್ಲಿ 'ಎರ್ನಾನ್'. ಮೆಕ್ಸಿಕೊವನ್ನು ಗೆದ್ದ ಕೊರ್ತೆಸ್‌ನನ್ನು ಸಮಕಾಲೀನರು ಫೆರ್ನಾಂದೊ ಎಂದೂ ಹೆರ್ನಾಂದೊ ಎಂದೂ ಕರೆದರು. ಇವೆರಡೂ ಒಂದೇ ಹೆಸರೆಂಬ ಅರಿವು ಆಗ ಜೀವಂತವಾಗಿತ್ತು. ಮುಂದೆ ಅರಮನೆ, ಇಗರ್ಜಿ, ಲ್ಯಾಟಿನ್ ಬರಹಗಳ ಬೆಂಬಲದಿಂದ ಫಕಾರದ ರೂಪ ಶಿಷ್ಟವಾಗಿ ನೆಲೆನಿಂತಿತು. ಹಕಾರದ ರೂಪ ಜನಪದದ ಬೇರೆಯೇ ಹೆಸರಾಗಿ ಬದುಕಿತು. ಫೆರ್ನಾಂದೆಸ್ ಮತ್ತು ಹೆರ್ನಾಂದೆಸ್ ಇಂದು ಎರಡು ಪ್ರತ್ಯೇಕ ಮನೆತನಗಳು.

ಹಳಗನ್ನಡದ ಪಕಾರ ಹೊಸಗನ್ನಡದಲ್ಲಿ ಹಕಾರವಾದ ಬಗೆ ನಮ್ಮ ಓದುಗರಿಗೆ ವಿವರಿಸಬೇಕಾದುದಲ್ಲ. ಹತ್ತನೆಯ ಶತಮಾನದ ಆಚೀಚೆ ಶಾಸನಗಳಲ್ಲಿ ತಲೆದೋರಿದ ಈ ಬದಲಾವಣೆಯನ್ನು ಹದಿಮೂರನೆಯ ಶತಮಾನದ ಕೇಶಿರಾಜನೂ ಗುರುತಿಸಿದ್ದಾನೆ. ಪಾಲ್ ಹಾಲಾಯಿತು, ಪೋಗು ಹೋಗು ಆಯಿತು. ದಕ್ಷಿಣದ ಕೆಲವು ಆಡುನುಡಿಗಳಲ್ಲಿ ಹಾಲು ಮತ್ತೆ ಆಲಾಗಿದೆ. ತಮಿಳು ಪೋರ್ಚುಗೀಸಿನಂತೆ ಹಳೆಯ ಧ್ವನಿಯನ್ನು ಕಾದುಕೊಂಡಿತು. ಇನ್ನೂ ಹತ್ತಿರದ ಹೋಲಿಕೆಯೊಂದಿದೆ. ಸಂಸ್ಕೃತದ ಆಸರೆ ಪಡೆದ 'ಪಂಪಾ' ಎಂಬ ರೂಪ ಶಿಷ್ಟವಾಗಿ, ಕ್ಷೇತ್ರಮಾಹಾತ್ಮ್ಯಗಳಲ್ಲಿ ಉಳಿಯಿತು. ಜನರ ಬಾಯಲ್ಲಿ ಅದೇ ಹೆಸರು 'ಹಂಪೆ' ಆಯಿತು. ಫೆರ್ನಾಂದೊವಿಗೆ ಹೆರ್ನಾಂದೊ ಹೇಗೋ ಪಂಪೆಗೆ ಹಂಪೆ ಹಾಗೆ. ಒಂದಕ್ಕೊಂದು ಸಂಬಂಧವಿಲ್ಲದ ಎರಡು ಭಾಷಾಕುಟುಂಬಗಳಲ್ಲಿ, ಓಷ್ಠ್ಯವೊಂದು ಸಡಿಲಗೊಂಡು ಉಸಿರಾಗಿ, ಉಸಿರೂ ಅಡಗುವ ಹಾದಿ ಒಂದೇ ಬಗೆಯದು. ಎರಡರಲ್ಲೂ ಓದುಬರಹದ ಪ್ರತಿಷ್ಠೆ ಒಂದು ರೂಪವನ್ನು ಆ ಹಾದಿಯಿಂದ ಹಿಂದಕ್ಕೆಳೆದು ನಿಲ್ಲಿಸಿತು.

ಹಂಪೆಯ ಹೆಸರೆತ್ತಿದ್ದು ಹೋಲಿಕೆಗೆಂದು ಮಾತ್ರವಲ್ಲ. 1535ರಿಂದ 1537ರವರೆಗಿನ ಅವಧಿಯಲ್ಲಿ ವಿಜಯನಗರದಲ್ಲಿದ್ದು ಅದರ ಅರಸರ ಚರಿತ್ರೆಯನ್ನು ಬರೆದಿಟ್ಟ ಪೋರ್ಚುಗೀಸ್ ಕುದುರೆ ವ್ಯಾಪಾರಿ ನೂನಿಜ್ ಕರ್ನಾಟಕದ ಚರಿತ್ರೆಕಾರರಿಗೆ ಚಿರಪರಿಚಿತ. ಅವನ ಪೂರ್ಣ ಹೆಸರು ಫೆರ್ನಾವ್ ನೂನೆಸ್. 'ಫೆರ್ನಾವ್' ಎಂಬುದು ಫೆರ್ನಾನ್‌ನ ಪೋರ್ಚುಗೀಸ್ ರೂಪ. ಕೊನೆಯ ಅನುನಾಸಿಕ ಸ್ವರದೊಳಗೆ ಸೇರಿಹೋಗಿದೆ. ಹೀಗೆ ಫಕಾರ ಉಳಿಸಿಕೊಂಡ ಹೆಸರಿನವನೊಬ್ಬ ಪಕಾರ ಕಳೆದುಕೊಂಡ ಹೆಸರಿನ ಊರಿಗೆ ಬಂದ. ಅವನು ತನ್ನ ಕಿವಿಗೆ ಕೇಳಿದಂತೆ ವಿಜಯನಗರವನ್ನು 'ಬಿಸ್ನಗ' ಎಂದೂ ಕೃಷ್ಣರಾಯನನ್ನು 'ಕ್ರಿಸ್ನರಾವ್' ಎಂದೂ ಬರೆದ. ದಾವಿದ್ ಲೊಪೆಸ್ 1897ರಲ್ಲಿ ಮೂಲವನ್ನು ಪ್ರಕಟಿಸಿ, 1900ರಲ್ಲಿ ಸಿವೆಲ್ ಅದನ್ನು ಇಂಗ್ಲಿಷಿಗೆ ತಂದ ಮೇಲೆ ನಾವು ಅವನನ್ನು ಓದುತ್ತ ಬಂದಿದ್ದೇವೆ. ಆದರೆ ಅವನ ಮೊದಲ ಹೆಸರನ್ನೂ ಕಿಟ್ಟೆಲರ ಮೊದಲ ಹೆಸರನ್ನೂ ಒಟ್ಟಿಗೆ ಇಟ್ಟು ನೋಡುವುದು ಅಪರೂಪ.

ಮೆಗಲನ್‌ನ ಮಾತನ್ನೂ ಇಲ್ಲೇ ಮುಗಿಸೋಣ. ಅವನ ತಾಯ್ನುಡಿಯ ಹೆಸರು ಫೆರ್ನಾವ್ ದೆ ಮಗಲ್ಯಾಯಿಶ್. 1505ರಲ್ಲಿ ಅಲ್ಮೇಡಾನ ನೌಕಾಪಡೆಯೊಡನೆ ಭಾರತಕ್ಕೆ ಬಂದವನು. ಆ ಪಡೆ ಕಾರವಾರದೆದುರಿನ ಅಂಜದೀವದಲ್ಲಿ ಕೋಟೆ ಕಟ್ಟಿತು, ಹೊನ್ನಾವರದ ಮೇಲೆ ಬಿತ್ತು. ಪೋರ್ಚುಗಲ್ಲನ್ನು ಬಿಟ್ಟು ಸ್ಪೇನಿನ ಸೇವೆಗೆ ಸೇರಿ 1519ರಲ್ಲಿ ಹೊರಟ ಅವನು 1521ರ ಏಪ್ರಿಲ್ 27ರಂದು ಮಕ್ತಾನ್ ದ್ವೀಪದಲ್ಲಿ ಹತನಾದ. ಇದೇ ಕಾಲದ ಇನ್ನೊಬ್ಬನನ್ನು ನಿಘಂಟುಕಾರರ ದೃಷ್ಟಿಯಿಂದ ನೆನೆಯಬೇಕು: ಕೊಲಂಬಸ್ಸನ ಮಗ ಹೆರ್ನಾಂದೊ ಕೊಲೊನ್. ಸೆವಿಲ್ಲೆಯಲ್ಲಿ ಜಗತ್ತಿನ ಎಲ್ಲ ಪುಸ್ತಕಗಳನ್ನೂ ಕೂಡಿಹಾಕಲು ಹೊರಟ ಈ ಮಹಾಶಯ ಒಂದು ಲ್ಯಾಟಿನ್ ನಿಘಂಟನ್ನೂ ಆರಂಭಿಸಿದ. ಸಾವಿರಕ್ಕೂ ಹೆಚ್ಚು ಪುಟ ಸಾಗಿದರೂ ಅದು ವರ್ಣಮಾಲೆಯ ಎರಡನೆಯ ಅಕ್ಷರವನ್ನು ದಾಟಲಿಲ್ಲ.

ಹೆಸರು ಜರ್ಮನಿಗೆ ಹೇಗೆ ಮರಳಿತು? ಉತ್ತರ ಒಂದು ಕುಟುಂಬದ ನಾಮಕರಣ ಪದ್ಧತಿಯಲ್ಲಿದೆ. 1416ರಲ್ಲಿ ತೀರಿಕೊಂಡ ಅರಗೊನ್ ದೊರೆ ಮೊದಲನೆಯ ಫೆರ್ನಾಂದೊವಿನ ಮೊಮ್ಮಗ, ಇಸಬೆಲ್ಲಳ ಪತಿ, ಎರಡನೆಯ ಫೆರ್ನಾಂದೊ. ಅವನ ಮಗಳ ಮಗ 1503ರಲ್ಲಿ ಅಲ್ಕಲಾ ದೆ ಎನಾರೆಸ್‌ನಲ್ಲಿ ಹುಟ್ಟಿದ ಇನ್ನೊಬ್ಬ ಫೆರ್ನಾಂದೊ. ಅಜ್ಜನ ಹೆಸರನ್ನು ಮೊಮ್ಮಗನಿಗೆ ಇಡುವ ಈ ವಾಡಿಕೆ ಕನ್ನಡಿಗರಿಗೆ ಹೊಸತಲ್ಲ. ಹೊಸತಾದದ್ದು ಮುಂದಿನ ತಿರುವು. ಗೆಂಟಿನಲ್ಲಿ ಹುಟ್ಟಿ ಮೆಖೆಲೆನ್‌ನಲ್ಲಿ ಬೆಳೆದ ಅಣ್ಣ ಚಾರ್ಲ್ಸ್ ಸ್ಪೇನಿನ ದೊರೆಯಾದ. ಸ್ಪೇನಿನಲ್ಲಿ ಬೆಳೆದ ತಮ್ಮ ಫೆರ್ನಾಂದೊ 1521ರಲ್ಲಿ ಆಸ್ಟ್ರಿಯಾದ ಒಡೆಯನಾಗಿ, 1526ರಲ್ಲಿ ಬೊಹೀಮಿಯಾ-ಹಂಗೇರಿಗಳ ದೊರೆಯಾಗಿ, ಕೊನೆಗೆ ಪವಿತ್ರ ರೋಮನ್ ಚಕ್ರವರ್ತಿಯಾಗಿ 1564ರಲ್ಲಿ ತೀರಿಕೊಂಡ. ಅವನೊಡನೆ ಹೆಸರೂ ಆಲ್ಪ್ಸ್ ಪರ್ವತಗಳ ಉತ್ತರಕ್ಕೆ ಬಂತು, ಲ್ಯಾಟಿನ್ ಬರಹದ 'ಫರ್ಡಿನಾಂಡುಸ್' ಎಂಬ ವೇಷದಲ್ಲಿ. ಅವನ ಮೊಮ್ಮಗನೂ, 1618ರ ಪ್ರಾಗ್ ದಂಗೆ ಯಾರ ವಿರುದ್ಧವೆದ್ದಿತೋ ಆ ಎರಡನೆಯ ಫರ್ಡಿನಾಂಡ್. ಅಜ್ಜನಿಂದ ಮೊಮ್ಮಗನಿಗೆ ಮೂರು ನೆಗೆತಗಳಲ್ಲಿ ಒಂದು ಹೆಸರು ಅರಗೊನಿನಿಂದ ವಿಯೆನ್ನಾ ತಲುಪಿತು.

ಆದ್ದರಿಂದ ಫರ್ಡಿನಾಂಡ್ ಜರ್ಮನ್ ಭಾಷೆಗೆ ಎರವಲು ಪದ. ಗಾಥಿಕ್‌ನಿಂದ ರೊಮಾನ್ಸಿಗೆ ಎರವಾಗಿ, ಅಲ್ಲಿ ಆರೇಳು ಶತಮಾನ ಸವೆದು, ಲ್ಯಾಟಿನ್ನಿನ ಮೆರುಗು ಪಡೆದು, ಸಗೋತ್ರ ಭಾಷೆಗೆ ಮರಳಿ ಎರವಾಗಿ ಬಂದದ್ದು. ಹಬ್ಸ್‌ಬರ್ಗರ ಕಥೋಲಿಕ ಹೆಸರಾಗಿ ಬಂದರೂ ಬೇಗನೆ ಆ ಗೆರೆ ದಾಟಿತು; 1759ರಲ್ಲಿ ಮಿಂಡನ್ ಕಾಳಗವನ್ನು ಗೆದ್ದ ಬ್ರನ್ಸ್‌ವಿಕ್‌ನ ಫರ್ಡಿನಾಂಡ್ ಪ್ರಾಟೆಸ್ಟಂಟ್ ಮನೆತನದವನು. ಹತ್ತೊಂಬತ್ತನೆಯ ಶತಮಾನದ ಹೊತ್ತಿಗೆ ಬಲ್ಗೇರಿಯಾ, ರುಮೇನಿಯಾಗಳ ಅರಮನೆಗಳಿಗೂ ಅದು ಹೋಯಿತು. ಆ ಅರಸರ ಬಗ್ಗೆ ಇಲ್ಲಿ ಹೇಳಬೇಕಾದುದಿಲ್ಲ.

ಕಥನಲೋಕದ ಫರ್ಡಿನಾಂಡರಲ್ಲಿ ಮೊದಲಿಗರು ಶೇಕ್ಸ್‌ಪಿಯರನ ಪಾತ್ರಗಳು. 'ಲವ್ಸ್ ಲೇಬರ್ಸ್ ಲಾಸ್ಟ್' ನಾಟಕದ ನವಾರ್ ದೊರೆಯ ಹೆಸರು ಫರ್ಡಿನಾಂಡ್. ಆದರೆ ಅದು ಬರುವುದು ರಂಗಸೂಚನೆಗಳಲ್ಲಿ, ಪಾತ್ರನಾಮದ ಶೀರ್ಷಿಕೆಗಳಲ್ಲಿ ಮಾತ್ರ. ಓದುಗನಿಗುಂಟು, ಪ್ರೇಕ್ಷಕನಿಗಿಲ್ಲ. 'ಟೆಂಪೆಸ್ಟ್'ನ ಫರ್ಡಿನಾಂಡ್ ನೇಪಲ್ಸಿನ ರಾಜಕುಮಾರ. ಈ ಆಯ್ಕೆ ಸಹಜ. ಹದಿನೈದನೆಯ ಶತಮಾನದಲ್ಲಿ ನೇಪಲ್ಸನ್ನು ಆಳಿದ ಅರಗೊನ್ ವಂಶದಲ್ಲಿ ಈ ಹೆಸರಿನವರಿದ್ದರು. ಇಟಲಿಯ ಬಾಯಲ್ಲಿ ಅದು 'ಫೆರ್ರಾಂತೆ' ಎಂದೂ ಆಗುತ್ತದೆ. ನೇಪಲ್ಸಿನ ಕಾದಂಬರಿಗಳಿಂದ ಪ್ರಸಿದ್ಧರಾದ ಇಂದಿನ ಲೇಖಕಿಯೊಬ್ಬರು ಕಾವ್ಯನಾಮದಲ್ಲಿ ತೊಟ್ಟ ಮನೆತನದ ಹೆಸರು ಅದೇ. ಹಡಗು ಒಡೆದು ಅಪರಿಚಿತ ದ್ವೀಪಕ್ಕೆ ಬಂದುಬಿದ್ದ ರಾಜಕುಮಾರ ಮಿರಾಂಡಳನ್ನು ಕಂಡಾಗ ಬೆರಗಾಗುವುದು ಅವಳ ಚೆಲುವಿಗೆ ಮಾತ್ರವಲ್ಲ. ಅವಳು ತನ್ನ ಭಾಷೆಯನ್ನೇ ಆಡುತ್ತಾಳೆಂಬುದಕ್ಕೆ. ಸಾಂದರ್ಭಿಕವಾಗಿ ಒಂದು ಮಾತು: ಪ್ರಯಾಣವಾಚಿಯಾದ ಆ 'ಫರ್ದಿ'ಯ ಬಂಧು ಗಾಥಿಕ್ ಬೈಬಲ್ಲಿನಲ್ಲಿ ಉಳಿದಿರುವುದು ಹಡಗು ಮುಳುಗಿದ್ದನ್ನು ಹೇಳುವ 'ಉಸ್‌ಫರ್ಥೊ' ಎಂಬ ಪದದಲ್ಲಿ. ನಾವು ಈಗಾಗಲೇ ತಳ್ಳಿಹಾಕಿದ ನಿಷ್ಪತ್ತಿಯ ಕಡೆಗೆ ಮನಸ್ಸು ವಾಲುವುದು ಇಂಥ ಕಾಕತಾಳೀಯಗಳಿಂದಲೇ. ವೆಬ್‌ಸ್ಟರನ 'ಡಚೆಸ್ ಆಫ್ ಮಾಲ್ಫಿ'ಯಲ್ಲಿ ತಂಗಿಯನ್ನು ಕೊಲ್ಲಿಸಿ ತೋಳದ ಹುಚ್ಚು ಹಿಡಿಸಿಕೊಳ್ಳುವ ಕಲಾಬ್ರಿಯಾದ ಡ್ಯೂಕನೂ ಫರ್ಡಿನಾಂಡನೇ. ಶಾಂತಿಯೂ ಇಲ್ಲ, ಪ್ರಯಾಣವೂ ಇಲ್ಲ.

ಜರ್ಮನ್ ಸಾಹಿತ್ಯದಲ್ಲಿ ಷಿಲ್ಲರನ 'ಕಬಾಲೆ ಉಂಡ್ ಲೀಬೆ' 1784ರಲ್ಲಿ ಬಂತು. ಮಂತ್ರಿಯ ಮಗ ಫರ್ಡಿನಾಂಡ್ ಫಾನ್ ವಾಲ್ಟರ್ ಬಡ ಸಂಗೀತಗಾರನ ಮಗಳು ಲೂಯಿಸೆಯನ್ನು ಪ್ರೀತಿಸಿ, ಒಳಸಂಚಿಗೆ ಬಲಿಯಾಗಿ, ಅವಳಿಗೂ ತನಗೂ ವಿಷವುಣಿಸುತ್ತಾನೆ. ಅರಮನೆಯ ಹೆಸರು ಇಲ್ಲಿ ಅರಮನೆಯನ್ನೇ ಧಿಕ್ಕರಿಸುವ ತರುಣನಿಗೆ ಸಿಕ್ಕಿದೆ. ಗಯಟೆಯ 'ಎಗ್ಮಾಂಟ್'ನಲ್ಲೂ ಕ್ರೂರಿ ಆಲ್ಬಾನ ಮಗ, ತಂದೆಯ ಬಂದಿಯಾದ ಎಗ್ಮಾಂಟನಿಗೆ ಮನಸೋಲುವವನು, ಫರ್ಡಿನಾಂಡ್. ಈ ಎರಡು ನಾಟಕಗಳ ನಡುವೆ ನಾಲ್ಕೇ ವರ್ಷಗಳ ಅಂತರ. ಎರಡರಲ್ಲೂ ದಬ್ಬಾಳಿಕೆಯ ತಂದೆ, ಕೋಮಲ ಹೃದಯದ ಮಗ. ಹೆಸರಿಗೆ ಜರ್ಮನ್ ಮಧ್ಯಮವರ್ಗದ ಮನೆಗಳಲ್ಲಿ ಹೊಸ ಬಣ್ಣ ಬಂದುದರಲ್ಲಿ ರಂಗಭೂಮಿಯ ಪಾಲೂ ಇದೆಯೆಂದು ನಾವು ಭಾವಿಸುತ್ತೇವೆ.

1914ರ ಜೂನ್ 28ರಂದು ಸರಾಯೆವೊದಲ್ಲಿ ಹತನಾದ ಫ್ರಾಂಜ್ ಫರ್ಡಿನಾಂಡನಿಗೂ ಆ ಹೆಸರಿನ ಅಜ್ಜನೊಬ್ಬನಿದ್ದ: ತಾಯಿಯ ತಂದೆ, ನೇಪಲ್ಸಿನಲ್ಲಿ ಆಳಿದ ಎರಡು ಸಿಸಿಲಿಗಳ ದೊರೆ ಎರಡನೆಯ ಫರ್ಡಿನಾಂಡ್. ಆ ಕೊಲೆಯಿಂದ ಹೊತ್ತಿದ ಯುದ್ಧದ ಚರಿತ್ರೆ ನಮ್ಮ ವಿಷಯವಲ್ಲ. ಯಾರೊಸ್ಲಾವ್ ಹಾಶೆಕ್ ಅದರ ಮೇಲೆ ಬರೆದ 'ಷ್ವೇಯ್ಕ್' ಕಾದಂಬರಿಯ ಮೊದಲ ಪುಟ ಮಾತ್ರ ನಮ್ಮ ವಿಷಯ. ಮನೆಗೆಲಸದ ಹೆಂಗಸು ಬಂದು ಫರ್ಡಿನಾಂಡನನ್ನು ಕೊಂದುಬಿಟ್ಟರೆಂದು ಹೇಳುತ್ತಾಳೆ. ನಾಯಿ ಮಾರುವ ಷ್ವೇಯ್ಕ್, ಮೊಣಕಾಲು ತಿಕ್ಕಿಕೊಳ್ಳುತ್ತ, ಯಾವ ಫರ್ಡಿನಾಂಡ್ ಎಂದು ಕೇಳುತ್ತಾನೆ. ಅವನಿಗೆ ಗೊತ್ತಿರುವುದು ಇಬ್ಬರು: ಔಷಧದಂಗಡಿಯಲ್ಲಿದ್ದು ಒಮ್ಮೆ ತಪ್ಪಿ ಕೂದಲಿನ ಎಣ್ಣೆ ಕುಡಿದವನೊಬ್ಬ, ಬೀದಿಯಲ್ಲಿ ನಾಯಿಯ ಹೇಸಿಗೆ ಆಯುವವನೊಬ್ಬ. ಇಬ್ಬರಲ್ಲಿ ಯಾರು ಸತ್ತರೂ ದೊಡ್ಡ ನಷ್ಟವಿಲ್ಲ. ಅಂಕಿತನಾಮಕ್ಕೆ ಅರ್ಥವಿಲ್ಲ, ನಿರ್ದೇಶ ಮಾತ್ರ ಉಂಟು ಎಂದು ತಾರ್ಕಿಕರು ಹೇಳುವುದುಂಟು. ಆ ನಿರ್ದೇಶವಾದರೂ ಆಡುವವನ ಮತ್ತು ಕೇಳುವವನ ಲೋಕಗಳು ಒಂದಾದಾಗ ಮಾತ್ರ ಗುರಿ ಮುಟ್ಟುತ್ತದೆಂಬುದನ್ನು ಈ ಪುಟದಷ್ಟು ಚೆನ್ನಾಗಿ ತೋರಿಸುವ ಪಠ್ಯ ನಮಗೆ ಬೇರೆ ಗೊತ್ತಿಲ್ಲ. ಅರಮನೆಯ ಹೆಸರು ಮೂರು ಶತಮಾನಗಳಲ್ಲಿ ಬೀದಿಗಿಳಿದಿತ್ತು. ಆದ್ದರಿಂದಲೇ ಆ ಪ್ರಶ್ನೆ ಸಾಧ್ಯವಾಯಿತು.

ಮನ್ರೊ ಲೀಫ್ 1936ರಲ್ಲಿ ಬರೆದ ಮಕ್ಕಳ ಕಥೆಯಲ್ಲಿ ಫರ್ಡಿನಾಂಡ್ ಒಂದು ಗೂಳಿ. ಸ್ಪೇನಿನ ಗೂಳಿ, ಕಾಳಗ ಒಲ್ಲದೆ ಮರದಡಿ ಕುಳಿತು ಹೂವಿನ ಪರಿಮಳ ಹೀರುವ ಗೂಳಿ. ಸ್ಪೇನಿನ ಅಂತರ್ಯುದ್ಧ ಆರಂಭವಾದ ಕೆಲವೇ ವಾರಗಳಲ್ಲಿ ಈ ಪುಸ್ತಕ ಹೊರಬಂದುದರಿಂದ ಅದಕ್ಕೆ ರಾಜಕೀಯದ ಅರ್ಥಗಳು ಅಂಟಿಕೊಂಡವು. 'ಫ್ರಿಥು'ವಿನ ಶಾಂತಿ ಕೊನೆಗೂ ಒಬ್ಬನಲ್ಲಿ ನೆಲೆಸಿತು ಎನ್ನೋಣವೆಂದರೆ ಅವನು ಮನುಷ್ಯನಲ್ಲ! ಗೊದಾರನ 1965ರ 'ಪಿಯೆರೊ ಲೆ ಫೂ' ಚಿತ್ರದಲ್ಲಿ ನಾಯಕಿ ಪದೇಪದೇ 'ಪಿಯೆರೊ' ಎಂದು ಕರೆಯುತ್ತಾಳೆ. ನಾಯಕ ಪ್ರತಿ ಸಲವೂ ತನ್ನ ಹೆಸರು ಫರ್ಡಿನಾಂಡ್ ಎಂದು ತಿದ್ದುತ್ತಾನೆ.

ಭಾಷಾವಿಜ್ಞಾನಿಗಳ ಪತ್ರಿಕೆಯಲ್ಲಿ ಈ ಹೆಸರಿನ ಚರಿತ್ರೆ ಬರೆದು ಫರ್ಡಿನಾಂಡ್ ದ ಸಸ್ಯೂರ್ ಅವರನ್ನು ಇಷ್ಟು ಹೊತ್ತು ಕಾಯಿಸಿದ್ದು ಉದ್ದೇಶಪೂರ್ವಕ. 1857ರಲ್ಲಿ ಜಿನೀವಾದಲ್ಲಿ ಹುಟ್ಟಿ, ಇಪ್ಪತ್ತೊಂದರ ಪ್ರಾಯದಲ್ಲಿ ಇಂಡೋ-ಯುರೋಪಿಯನ್ ಸ್ವರಗಳ ಕುರಿತ ಪ್ರಬಂಧ ಪ್ರಕಟಿಸಿ, 1880ರಲ್ಲಿ ಸಂಸ್ಕೃತದ ಸತಿಷಷ್ಠಿಯ ಮೇಲೆ ಲೈಪ್ಸಿಗ್‌ನಲ್ಲಿ ಡಾಕ್ಟರೇಟ್ ಪಡೆದ ಅವರು, ಹೆಸರುಗಳ ಬಗ್ಗೆ ಎರಡು ಬಗೆಯಲ್ಲಿ ಯೋಚಿಸಿದವರು. 1916ರಲ್ಲಿ ಶಿಷ್ಯರು ಹೊರತಂದ 'ಕೋರ್ಸ್'ನಲ್ಲಿ ಸಾದೃಶ್ಯದ ಚರ್ಚೆಯ ನಡುವೆ ಒಂದು ಗಮನಿಕೆಯಿದೆ: ಸಾದೃಶ್ಯದ ಕೈಗೆ ಸಿಗದ ರೂಪಗಳೆಂದರೆ ಒಂಟಿಯಾಗಿ ನಿಂತ ಪದಗಳು, ವಿಶೇಷವಾಗಿ ಊರ ಹೆಸರುಗಳಂಥ ಅಂಕಿತನಾಮಗಳು, ಅವನ್ನು ಯಾರೂ ಘಟಕಗಳಾಗಿ ಬಿಡಿಸಲಾರರು, ಆದ್ದರಿಂದ ಬೇರೊಂದರ ಮಾದರಿಯಲ್ಲಿ ತಿದ್ದಲಾರರು. ಇತ್ತ ಅವರ ಖಾಸಗಿ ಟಿಪ್ಪಣಿ ಪುಸ್ತಕಗಳಲ್ಲಿ ಅದೇ ಅಂಕಿತನಾಮಗಳು ಲ್ಯಾಟಿನ್ ಪದ್ಯಗಳ ಅಕ್ಷರಗಳಲ್ಲಿ ಚೆದುರಿ ಅಡಗಿರುತ್ತವೆಂಬ ಶಂಕೆ ಅವರನ್ನು ವರ್ಷಗಟ್ಟಲೆ ಕಾಡಿತು. ಅದನ್ನು ಅವರು ಪ್ರಕಟಿಸಲೇ ಇಲ್ಲ.

ಫರ್ಡಿನಾಂಡ್ ಎಂಬ ಹೆಸರಿನ ಮಟ್ಟಿಗೆ 'ಕೋರ್ಸ್'ನ ಆ ಗಮನಿಕೆಯನ್ನು ಪರೀಕ್ಷಿಸಬಹುದು. ಗಾಥಿಕ್ ಮರೆತ ಮೇಲೆ ಹೆಸರು ಬಿಡಿಸಲಾಗದ ಗಂಟಾಯಿತು, ಅದು ಸರಿ. ಹಾಗೆ ಗಂಟಾದುದರಿಂದಲೇ ರೇಫ ಜರುಗಿತು, ದಕಾರ ಉದುರಿತು, ಫಕಾರ ಹಕಾರವಾಯಿತು. ಆದರೆ ಫೆರ್ನಾಂದೊ ಹೆ‌ರ್ನಾಂದೊವನ್ನು ಹಿಂದಿಕ್ಕಿ ಮರಳಿದ್ದಕ್ಕೆ ಸ್ವನನಿಯಮ ಕಾರಣವಲ್ಲ, ಸಾದೃಶ್ಯವೂ ಕಾರಣವಲ್ಲ, ಕಾರಣ ಬರವಣಿಗೆ. ಜರ್ಮನ್ನಿನ ರೂಪದಲ್ಲಿ ಮೊದಲ ದಕಾರ ಮತ್ತೆ ಕಾಣಿಸಿಕೊಂಡದ್ದಕ್ಕೂ ಲ್ಯಾಟಿನ್ ದಾಖಲೆಯೇ ಕಾರಣ. ಬರಹವನ್ನು ಭಾಷೆಯ ಹೊರಗಿಟ್ಟು, ಅದು ಉಚ್ಚಾರವನ್ನು ಪ್ರಭಾವಿಸುವುದನ್ನು ವಿಕಾರವೆಂದು ಕಂಡ ಸಸ್ಯೂರ್ ಅವರ ಸ್ವಂತ ಹೆಸರೇ ಅಂಥ ಪ್ರಭಾವದ ಫಲ. ಇದನ್ನು ಆಕ್ಷೇಪವಾಗಿ ಹೇಳುತ್ತಿಲ್ಲ. ಹೆಸರುಗಳ ಚರಿತ್ರೆಯಲ್ಲಾದರೂ ಬರಹಕ್ಕೆ ಒಳಗಿನ ಪೀಠ ಕೊಡಬೇಕೆಂಬುದಷ್ಟೇ ನಮ್ಮ ವಾದ.

ಇನ್ನು ಕಿಟ್ಟೆಲ್. ಅವರು 1832ರ ಏಪ್ರಿಲ್ 7ರಂದು ಪೂರ್ವ ಫ್ರೀಸಿಯಾದ ರೆಸ್ಟರ್‌ಹಾಫೆ ಎಂಬ ಹಳ್ಳಿಯಲ್ಲಿ ಪಾದ್ರಿಯೊಬ್ಬರ ಮಗನಾಗಿ ಹುಟ್ಟಿದರು. ಮೇಲೆ ನೆನಪಿನಲ್ಲಿಡಬೇಕೆಂದ ಲಕ್ಷಣ ಇಲ್ಲಿ ಕೆಲಸಕ್ಕೆ ಬರುತ್ತದೆ. ಫ್ರೀಸಿಯನ್ ನೆಲದಲ್ಲಿ ಈ ಹೆಸರು ಪರಂಪರೆಯಾಗಿ ಇಳಿದು ಬಂದಿದ್ದರೆ ಇಂಗ್ಲಿಷಿನ 'ನೋಥ್'ನಂತೆ ಅದರ ನಡುವಣ ಅನುನಾಸಿಕ ಎಂದೋ ಅಳಿದುಹೋಗಬೇಕಿತ್ತು. ಅಳಿಯದೆ ಉಳಿದಿರುವ ಆ ಒಂದು ನಕಾರವೇ ಹೆಸರು ಹೊರಗಿನಿಂದ ಬಂದುದಕ್ಕೆ ಸಾಕ್ಷಿ. ನಮ್ಮ ಗೋಷ್ಠಿಯ 'ಅಪ್ಪಟ ಜರ್ಮನ್' ಎಂಬ ಮಾತಿಗೆ ಇದಕ್ಕಿಂತ ಚಿಕ್ಕ ಉತ್ತರ ಬೇಕಿಲ್ಲ.

1853ರಲ್ಲಿ ಭಾರತಕ್ಕೆ ಬಂದ ಕಿಟ್ಟೆಲ್ ಧಾರವಾಡ, ಮಡಿಕೇರಿ, ಮಂಗಳೂರುಗಳಲ್ಲಿ ಕೆಲಸ ಮಾಡಿದರು. ಮಂಗಳೂರಿನಲ್ಲಿ ಅವರ ಸುತ್ತಲೂ ಫೆರ್ನಾಂಡಿಸರಿದ್ದರು. ಗೋವೆಯಿಂದ ಕರಾವಳಿಗೆ ವಲಸೆ ಬಂದ ಕೊಂಕಣಿ ಕಥೋಲಿಕರ ಈ ಮನೆತನದ ಹೆಸರಿನಲ್ಲಿ ಮೂಲತಃ 'ಫೆರ್ನಾಂದೊವಿನ ಮಗ' ಎಂಬ ಅರ್ಥವಿದೆ. ಕೊನೆಯ ಪ್ರತ್ಯಯ ಪಿತೃವಾಚಿ. ಬ್ಯಾಪ್ಟಿಸಮ್ಮಿನ ಜೊತೆ ಬಂದ ಹೆಸರಿಗೆ ಆ ಅರ್ಥ ಎಂದೂ ಅನ್ವಯಿಸಿರಲಿಲ್ಲ ಎನ್ನುವುದು ಬೇರೆ ಮಾತು. 1930ರಲ್ಲಿ ಅದೇ ಮಂಗಳೂರಿನಲ್ಲಿ ಹುಟ್ಟಿದ ಜಾರ್ಜ್ ಫೆರ್ನಾಂಡಿಸ್ ಅವರಿಂದ ಇಡೀ ದೇಶಕ್ಕೆ ಆ ಹೆಸರು ಪರಿಚಿತವಾಯಿತು. ಗಿಯಾರ್ಗ್ ಫರ್ಡಿನಾಂಡ್ ಮತ್ತು ಜಾರ್ಜ್ ಫೆರ್ನಾಂಡಿಸ್: ಗಾಥಿಕ್ ಹೆಸರಿನ ಒಂದು ಕವಲು ವಿಯೆನ್ನಾ ಮಾರ್ಗವಾಗಿ, ಇನ್ನೊಂದು ಲಿಸ್ಬನ್-ಗೋವೆಗಳ ಮಾರ್ಗವಾಗಿ ಒಂದೇ ಊರು ಸೇರಿದವು. ಒಂದು ಪ್ರಾಟೆಸ್ಟಂಟ್, ಒಂದು ಕಥೋಲಿಕ. ಒಂದು ಕೊಟ್ಟ ಹೆಸರು, ಒಂದು ಮನೆತನದ ಹೆಸರು. ತಾವು ಒಂದೇ ಪದದ ಎರಡು ರೂಪಗಳೆಂದು ಅವು ಪರಸ್ಪರ ಗುರುತಿಸುವಂತಿರಲಿಲ್ಲ.

ಕನ್ನಡದಲ್ಲಿ ಬರೆಯುವಾಗ ಇವೆರಡಕ್ಕೂ ನಾವು ಬಳಸುವುದು ಮಹಾಪ್ರಾಣದ ಫಕಾರವನ್ನು. ಕನ್ನಡದ ದೇಸಿ ಪದಗಳಿಗೆ ಮಹಾಪ್ರಾಣ ಹೊರಗಿನದು. ಕಿಟ್ಟೆಲ್ ನಿಘಂಟಿನಲ್ಲೂ ಫಕಾರದ ಭಾಗ ತೀರಾ ಚಿಕ್ಕದು. ಘರ್ಷಧ್ವನಿಯನ್ನು ತೋರಿಸಲು ಅಕ್ಷರದ ಕೆಳಗೆ ಚುಕ್ಕೆ ಇಡುವ ಪದ್ಧತಿ ಇದ್ದರೂ ಬಳಸುವವರು ವಿರಳ. ಎರಡನೆಯ ವ್ಯಂಜನಕ್ಕೆ ಡಕಾರವೋ ದಕಾರವೋ, ನಾಂಡ್ ಎಂದೋ ನೆಂಡ್ ಎಂದೋ, ಇನ್ನೂ ಒಮ್ಮತವಿಲ್ಲ. ಜರ್ಮನ್ ಉಚ್ಚಾರಕ್ಕೆ ನಿಷ್ಠರಾದರೆ ಪದಾಂತ್ಯದ ಡಕಾರ ಅಘೋಷವಾಗಿ 'ಫೆರ್ಡಿನಾಂಟ್' ಎಂದು ಬರೆಯಬೇಕಾದೀತು. ಈ ಲೇಖನದಲ್ಲಿ ರೂಢಿಯ 'ಫರ್ಡಿನಾಂಡ್' ಎಂಬುದನ್ನೇ ಉಳಿಸಿಕೊಂಡಿದ್ದೇವೆ. ಬರಹದ ರೂಢಿಗೆ ಮನ್ನಣೆ ಕೊಡಬೇಕೆಂದು ವಾದಿಸಿದವರು ತಾವೇ ಅದನ್ನು ಮೀರುವುದು ಸಲ್ಲ.

1872ರಲ್ಲಿ 'ಶಬ್ದಮಣಿದರ್ಪಣ'ವನ್ನೂ 1875ರಲ್ಲಿ 'ಛಂದೋಂಬುಧಿ'ಯನ್ನೂ ಸಂಪಾದಿಸಿದ ಕಿಟ್ಟೆಲರಿಗೆ 1896ರಲ್ಲಿ ಟ್ಯೂಬಿಂಗನ್ ವಿಶ್ವವಿದ್ಯಾಲಯ ಗೌರವ ಡಾಕ್ಟರೇಟ್ ನೀಡಿತು. ಅವರು ತೀರಿಕೊಂಡದ್ದೂ ಆ ಊರಿನಲ್ಲೇ, 1903ರ ಡಿಸೆಂಬರ್‌ನಲ್ಲಿ. ಅದೇ ವರ್ಷ ಮಂಗಳೂರಿನಿಂದ ಅವರ ಕನ್ನಡ ವ್ಯಾಕರಣ ಪ್ರಕಟವಾಯಿತು. ಅದರ ಮುಖಪುಟದಲ್ಲೂ 'ಎಫ್. ಕಿಟ್ಟೆಲ್' ಎಂದೇ ಇದೆ.